ಎಡಗೈಲೆ ಭಿಕ್ಷೆ ಹಾಕಿದ ರಾಣಿ

ಕಮಲಾಪುರದ ಬಂಡೆಮ್ಮ ಮೂಕಿ ಸಿನಿಮಾದಲ್ಲಿ ಏಳು ಸಲ ರಾಣಿಯಾದಳು. ನಿಜಾಮನ ಕಾಲ. ಒಕ್ಕಲುತನದ ಮನೆಯ ಹೆಣ್ಣು ಕುಣಿಯುವುದಿರಲಿ, ಗಟ್ಟಿಯಾಗಿ ನಕ್ಕರೂ ತಪ್ಪೆನ್ನುವ ಊರು. ಹದಿನೈದಕ್ಕೆ ನಾಟಕದ ಕಂಪನಿ ಸೇರಿದಳು, ಇಪ್ಪತ್ತಕ್ಕೆ ಮುಂಬಯಿಯ ಕ್ಯಾಮೆರಾ ಎದುರು ನಿಂತಳು. ಯಾರ ಅಪ್ಪಣೆಯನ್ನೂ ಕೇಳಲಿಲ್ಲ. ತಾಯಿ ಶಿವಕಾಂತಮ್ಮ ಬೈದಳು, ಆದರೆ ಬಾಗಿಲು ಮುಚ್ಚಲಿಲ್ಲ. ಮುಚ್ಚಿದ್ದು 1927ರಲ್ಲಿ.

ಆ ವರ್ಷ ಅವಳ ಚಿತ್ರ ಕಲಬುರಗಿಯ ಟೆಂಟಿಗೆ ಬಂತು. ಶಿವಕಾಂತಮ್ಮ ಗಾಡಿ ಕಟ್ಟಿಸಿ, ಓಣಿಯ ಹೆಂಗಸರ ಜೊತೆ ಹೋಗಿ ನೋಡಿಬಂದಳು. ಮುಂದಿನ ವಾರ ಮಗಳು ಊರಿಗೆ ಬಂದರೆ ಹೊಸ್ತಿಲಲ್ಲೇ ತಡೆದಳು.

"ನಾಟಕಕ್ಕ ಹೋದಿ, ನುಂಗಿಕೊಂಡೆ. ಮುಂಬೈಗೆ ಹೋದಿ, ಅದನ್ನೂ ನುಂಗಿದೆ. ಸಿನಿಮಾದಾಗ ಬಾಗಿಲಿಗೆ ಬಂದ ಜಂಗಮಗ ಎಡಗೈಲೆ ಭಿಕ್ಷಾ ಹಾಕ್ತಿ? ಊರೆಲ್ಲ ಉಗಳಾಕತ್ತದ. ಒಳಗ ಬರಬ್ಯಾಡ."

"ಬಲಗೈಲೆ ಹಾಕೀನವ್ವ! ನೀವು ಎಲ್ಲಿ ಕುಂತಿದ್ರಿ?"

"ಹೆಂಗಸರ ಕಡಿ. ಪರದೆ ಹಿಂದ."

ಚಿತ್ರ ಬೀಳುವುದು ತೆಳು ಬಟ್ಟೆಯ ಪರದೆಯ ಮೇಲೆ. ಗಂಡಸರು ಮುಂದೆ, ಹೆಂಗಸರು ಹಿಂದೆ. ಹಿಂದಿನಿಂದ ನೋಡಿದರೆ ಬಲ ಎಡವಾಗುತ್ತದೆ. ಬಂಡೆಮ್ಮ ಬಿಡಿಸಿ ಹೇಳಿದಳು.

"ಸೀರಿ ತಿರುವಿ ಉಟ್ಟರ ಕೈ ಬದಲಾಗ್ತಾವೇನ? ಕಣ್ಣಾರೆ ಕಂಡೀನಿ," ಎಂದು ತಾಯಿ ಕದ ಹಾಕಿದಳು.

ಬಂಡೆಮ್ಮ ಅಳುತ್ತ ಕೂರಲಿಲ್ಲ. ಕಲಬುರಗಿಗೆ ಹೋಗಿ ಟೆಂಟಿನ ಮಾಲೀಕ ಕರೀಂಸಾಬ್‌ನನ್ನು ಹಿಡಿದಳು. "ಒಂದ ಆಟ ಹೆಂಗಸರನ್ನ ಮುಂದ ಕೂಡಸ್ರಿ."

"ತೌಬಾ! ಗಂಡಸರನ್ನ ಹಿಂದ ಕೂಡಿಸಿದ್ರ ನನ್ನ ಟೆಂಟ್ ಕಿತ್ತು ಒಗೀತಾರ, ಬಾಯಿ."

"ಹಿಂದಿಂದನೂ ಛಲೋ ಕಾಣ್ತದಂತ ಹೆಂಗಸರಿಗೆ ನೀವ ಹೇಳೀರಿ. ಅವರೂ ನೋಡಲಿ."

ಅವನು ಒಪ್ಪಲೂ ಇಲ್ಲ, ಅಡ್ಡ ಬರಲೂ ಇಲ್ಲ. ಎರಡು ದಿನ ಬಿಟ್ಟು ಬಂಡೆಮ್ಮ ಮಧ್ಯಾಹ್ನವೇ ಬ್ರಹ್ಮಪುರ ಓಣಿಯ ನಲವತ್ತು ಹೆಂಗಸರನ್ನು ಕರೆತಂದು ಮುಂದಿನ ಬೆಂಚುಗಳ ಮೇಲೆ ಕೂಡಿಸಿದಳು. ಕಮಲಾಪುರಕ್ಕೂ ಹೇಳಿಕಳಿಸಿದ್ದಳು. ಮಗಳ ಸುಳ್ಳು ಬಯಲು ಮಾಡಲೆಂದೇ ಶಿವಕಾಂತಮ್ಮ ಬಂದು ಅವರ ನಡುವೆ ಕೂತಳು. ಧರಣಿ ಎಂಬ ಮಾತನ್ನು ಬಂಡೆಮ್ಮ ಕೇಳಿರಲಿಕ್ಕಿಲ್ಲ. ಮಾಡಿದ್ದು ಅದನ್ನೇ, ಅದೂ ಬಿಗಿಯಾಗಿ.

ಸಂಜೆ ಗಂಡಸರು ಬಂದು ಕೂಗಾಡಿದರು. ಒಬ್ಬಳೂ ಏಳಲಿಲ್ಲ. ಚಿತ್ರ ಬಿಡಲಾರದೆ ಗೊಣಗುತ್ತ ಹಿಂದೆ ಹೋದರು.

ಭಿಕ್ಷೆಯ ದೃಶ್ಯ ಬಂತು. ಪರದೆ ಹಿಂದಿನಿಂದ ಒಬ್ಬ ಒದರಿದ, "ಏ, ರಾಣಿ ಎಡಚಿ ಅದಾಳ್ರೋ!"

ಮುಂದಿನಿಂದ ನಲವತ್ತು ಬಾಯಿ ಎದ್ದವು, "ಈ ಕಡಿ ಬಂದು ನೋಡೋ ಮೂಳ, ಬಲಗೈ!"

ಆಟ ಮುಗಿದ ಮೇಲೆ ಶಿವಕಾಂತಮ್ಮ ಮಗಳ ರಟ್ಟೆ ಹಿಡಿದು ಗಾಡಿಯ ಕಡೆ ಎಳೆದಳು.

"ರಾಣಿ ಅಂತ ರಾಣಿ! ಜಂಗಮಗ ಒಂದ ಹಿಡಿ ಹಾಕಿದಿ? ಮನಿಗಿ ನಡಿ, ಮೊರ ತುಂಬ ಹೆಂಗ ನೀಡೋದಂತ ತೋರಸ್ತೀನಿ."