ಆಗಲ್ಲ ಎಂದ ಬಿಸ್ಕತ್ತು ಸಾಹೇಬರು

ನನ್ನ ಮುಖ ನೋಡಿ "ಆಗಲ್ಲ" ಎಂದ ಅಧಿಕಾರಿ ಒಬ್ಬರೇ. ಉಳಿದವರೆಲ್ಲ "ನೋಡೋಣ, ಮುಂದಿನ ಸಲ ಬನ್ನಿ" ಎನ್ನುತ್ತಿದ್ದರು. ಹಾಗೆ ನೋಡೋಣ ನೋಡೋಣ ಎನ್ನುತ್ತಲೇ ಮೂವರು ವರ್ಗವಾಗಿ ಹೋದರು.

ಆಗಲ್ಲ ಎಂದ ಇವರು ಮೊದಲು ದೊಡ್ಡದೊಂದು ಬಿಸ್ಕತ್ತು ಕಂಪನಿ ನಡೆಸಿದವರು. ಸರ್ಕಾರದವರು ಕರೆದು, ಮಾಜಿ ಸೈನಿಕರ ಯೋಗಕ್ಷೇಮ ನೋಡುವ ಇಲಾಖೆಗೆ ಮುಖ್ಯಸ್ಥರನ್ನಾಗಿ ಮಾಡಿದರು. ಅವರು ಕೊಪ್ಪಕ್ಕೆ ಅಹವಾಲು ಕೇಳಲು ಬರುತ್ತಾರೆಂದು ಗೊತ್ತಾದಾಗ ನಮ್ಮ ಮೇಗುಂದದ ನಿವೃತ್ತ ಸುಬೇದಾರ್ ಶೇಷಪ್ಪ ಬಸ್ಸಿನಲ್ಲೇ ಕೂಗಾಡಿದ.

"ಬಿಸ್ಕತ್ತು ಬೇಯ್ಸೋನಿಗೆ ಬಂದೂಕಿನ ವಿಷ್ಯ ಎಂತ ಗೊತ್ತು ಮಾರಾಯ್ತಿ?"

ಅಂದಿನಿಂದ ನಮಗವರು ಬಿಸ್ಕತ್ತು ಸಾಹೇಬರು.

ಕೋಲಿನಂಥ ಮನುಷ್ಯ. ಮೇಜಿನ ಆಚೆ ಕೂರುತ್ತಿರಲಿಲ್ಲ. ಕುರ್ಚಿ ಎಳೆದುಕೊಂಡು ನಮ್ಮ ಬೆಂಚಿನ ಪಕ್ಕಕ್ಕೇ ಬಂದು, "ಅಲ್ಲಿ ಕೂತ್ರೆ ನನಗೆ ಕಿವಿ ಕೇಳಲ್ಲ" ಎನ್ನುವರು. ಚಹಾದ ಜೊತೆ ಬಿಸ್ಕತ್ತು ಕೊಟ್ಟರೆ ಮುರಿದು, ಒಳಗೆ ನೋಡಿ, ಮೂಸಿ, "ಬೆಂದಿಲ್ಲ" ಎಂದು ಪಕ್ಕಕ್ಕಿಡುವರು. ಅರ್ಜಿಗಳಿಗೂ ಅದೇ ಪರೀಕ್ಷೆ. ಪೂರ್ತಿ ಓದಿದ ಮೇಲೆ ಒಂದೇ ಮಾತು, ಆಗುತ್ತೆ ಇಲ್ಲವೇ ಆಗಲ್ಲ. ಶೇಷಪ್ಪನ ಮೊಣಕಾಲಿನ ಆಪರೇಷನ್ನಿಗೆ ಬೇಕಾದ ಕಾಗದ ಎಲ್ಲೋ ಸಿಕ್ಕಿಕೊಂಡಿತ್ತು. "ಆಗುತ್ತೆ" ಎಂದರು, ಮುಂದಿನ ತಿಂಗಳೇ ಬಂತು. ಆಮೇಲೆ ಶೇಷಪ್ಪನ ಬಾಯಲ್ಲಿ ಅವರು ದೇವರು.

ನನ್ನದು ಹೆಸರಿನ ವಿಷಯ. ಕೊಪ್ಪದಲ್ಲಿ ತಾಲ್ಲೂಕಿನ ಸೈನಿಕರ ಹೆಸರು ಕೆತ್ತಿದ ಕಲ್ಲಿದೆ. ಅದರಲ್ಲಿ ನನ್ನ ಗಂಡನ ಹೆಸರಿಲ್ಲ. ರಜೆಗೆ ಬಂದವರು ವಾಪಸು ಹೋಗಲೇ ಇಲ್ಲ, ಸೈನ್ಯದವರು ಹೆಸರು ಹೊಡೆದುಹಾಕಿದರು. ಅವರು ತೀರಿಕೊಂಡ ಮೇಲೆ ನಾನು ಅರ್ಜಿ ಹಿಡಿದು ಓಡಾಡಲು ಶುರುಮಾಡಿದೆ.

ಸಾಹೇಬರು ಕಡತ ಮುಚ್ಚಿ, "ಯಾಕೆ ಹೋಗಲಿಲ್ಲ?" ಎಂದರು. ಅದುವರೆಗೆ ಯಾರೂ ಕೇಳಿರಲಿಲ್ಲ, ನಾನೂ ಹೇಳಿರಲಿಲ್ಲ.

"ನಾನೇ ಬಿಡ್ಲಿಲ್ಲ. ಆಗ ಬಸುರಿ. ಅವ್ರ ಬೂಟು ತಗಂಡೋಗಿ ಗೊಬ್ಬರದ ಗುಂಡಿಲಿ ಹುಗಿದೆ. ತಪ್ಪು ನಂದು, ಅವರದ್ದಲ್ಲ. ಹೆಸರು ಕೆತ್ಸಿ."

"ಆಗಲ್ಲ ಅಮ್ಮ. ಇನ್ನು ಇದಕ್ಕೋಸ್ಕರ ಬಸ್ ಹತ್ತಬೇಡಿ." ಕಡತ ಪಕ್ಕಕ್ಕಿಟ್ಟು ಮತ್ತೆ ಹೇಳಿದರು, "ಹೋಗಲೇಬೇಕು ಅಂತಿದ್ದಿದ್ರೆ ಬರಿಗಾಲಲ್ಲೂ ಹೋಗ್ತಿದ್ರು. ಅವರಿಗೂ ಇಲ್ಲೇ ಇರೋ ಮನಸ್ಸಿತ್ತು."

ನನಗೆ ಮೈಯೆಲ್ಲ ಉರಿಯಿತು. "ನನ್ನ ಗಂಡನ ಮನಸ್ಸು ನಿಮಗೆಂತ ಗೊತ್ತು?" ಎಂದು ಚಹಾ ಅಲ್ಲೇ ಬಿಟ್ಟು ಎದ್ದು ಬಂದೆ. ತಿರುಗಿಯೂ ನೋಡಲಿಲ್ಲ.

ಬಸ್ಸು ಮೇಗುಂದ ಮುಟ್ಟುವ ಹೊತ್ತಿಗೆ ಒಂದು ವಿಷಯ ತಲೆಗೆ ಹೊಳೆಯಿತು. ಬೂಟು ಎಲ್ಲಿ ಹೋಯಿತೆಂದು ನನ್ನ ಗಂಡ ಅವತ್ತು ಕೇಳಿರಲಿಲ್ಲ. ಬದುಕಿದ್ದಷ್ಟು ಕಾಲ ಒಂದು ದಿನವೂ ಕೇಳಲಿಲ್ಲ.

ಇದನ್ನು ಸಾಹೇಬರಿಗೆ ಹೇಳಬೇಕಿತ್ತು. ಅವರ ಕಂಪನಿಯ ಪೊಟ್ಟಣ ಅಂಗಡಿಯಲ್ಲಿ ಕಂಡರೆ ಈಗಲೂ ಕಾಲು ನಿಲ್ಲುತ್ತದೆ. ಮುಂದಿನ ಸಲ ಅಹವಾಲು ಕೇಳುವ ದಿನ ಮತ್ತೆ ಬಸ್ ಹತ್ತಿದೆ. ಅವರ ಅವಧಿ ಮುಗಿದು ಹೋಗಿತ್ತು. ಕುರ್ಚಿ ಮೇಜಿನ ಆಚೆಗೆ ಸೇರಿತ್ತು.

"ಅರ್ಜಿ ಕೊಡಿ ಅಜ್ಜಿ, ನೋಡೋಣ" ಎಂದರು ಹೊಸಬರು.

ನಾನು ಅರ್ಜಿ ತಂದಿರಲಿಲ್ಲ. ಚಹಾ ಕೊಟ್ಟರು. ಬೆಂಚಿನ ಮೇಲೆ ಕೂತು ಬಿಸ್ಕತ್ತು ಮುರಿದು, ಒಳಗೆ ನೋಡಿದೆ. ಬೆಂದಿರಲಿಲ್ಲ. ಹೇಳೋಣವೆಂದರೆ ಪಕ್ಕದಲ್ಲಿ ಯಾರೂ ಇರಲಿಲ್ಲ.