ಗ್ರಹಣದ ಬಂಗಡೆ

ಬೆಳಿಗ್ಗೆ ಅಂಗಳ ಗುಡಿಸಿದೆ. ನೀರು ಸೇದಿ ಹಂಡೆ ತುಂಬಿದೆ. ಮೀನಿನವಳು ಬಂದಳು, ಬಂಗಡೆ ತೆಗೆದುಕೊಂಡೆ. ಬಾಗಿಲ ಹಿಂದಿನ ಕಸ ತೆಗೆಯುವಾಗ ಒನಕೆ ಉರುಳಿ ದಡ್ ಎಂದು ಬಿತ್ತು. ಅತ್ತೆ ಎದುರಿಗೇ ಬಂದು ನಿಂತಂತಾಯಿತು...

ಅತ್ತೆ ಎಂದರೆ ಅಪ್ಪನ ಅಕ್ಕ. ಆಮೇಲೆ ಗಂಡನ ತಾಯಿಯೂ ಆದವರು. ಭಟ್ಕಳದ ನಮ್ಮ ಮನೆಗೆ ತಾವೇ ಬಂದು, “ಕೂಸು ನಮ್ಮನಿಗೇ ಬರ್ಲಿ, ಹೊರಗಿನವ್ರಿಗೆ ಎಂತಕ್ಕೆ ಕೊಡೂದು?” ಎಂದು ನನ್ನನ್ನು ತಮ್ಮೂರಾದ ಮಂಕಿಗೆ ಸೊಸೆಯಾಗಿ ಕರೆದೊಯ್ದರು. ನಾನು ಉಣ್ಣದೆ ಅವರು ಉಣ್ಣುತ್ತಿರಲಿಲ್ಲ.

ಮಗಳಿಗೆ ಕಿವಿ ಕೇಳಿಸುವುದಿಲ್ಲ ಎಂದು ಗೊತ್ತಾದಾಗ ಕಾರಣ ಹುಡುಕಿಕೊಟ್ಟವರೂ ಅವರೇ. ಬಸುರಿಯಾಗಿದ್ದಾಗ, ಸೂರ್ಯಗ್ರಹಣದ ದಿನ, ಹಾಳಾಗುತ್ತದಲ್ಲ ಎಂದು ನಾನು ಎರಡು ಬಂಗಡೆ ಕೊಯ್ದಿದ್ದೆ. ಗ್ರಹಣದಲ್ಲಿ ಬಸುರಿ ಕತ್ತಿ ಮುಟ್ಟಬಾರದು. ಕೇರಿಯವರು ಕೇಳಿದಾಗಲೆಲ್ಲ ಅತ್ತೆ ಅದನ್ನೇ ಹೇಳಿದರು. ನಾನೂ ನಂಬಿದೆ. ಬಂಗಡೆ ತಿನ್ನುವುದು ಬಿಟ್ಟೆ, ಹರಕೆ ಹೊತ್ತೆ. ಮಲಗಿದ ಮಗಳ ಕಿವಿ ಸವರುತ್ತ ತಪ್ಪಾಯಿತು ಎನ್ನುತ್ತಿದ್ದೆ... ಅವಳಿಗೆ ಅದೂ ಕೇಳಿಸುತ್ತಿರಲಿಲ್ಲ.

ಅವಳನ್ನು ಕರೆಯುವುದನ್ನು ಕಲಿಸಿದವರೂ ಅತ್ತೆಯೇ. ಒನಕೆ ಎತ್ತಿ ನೆಲಕ್ಕೆ ಎರಡು ಸಲ ಕುಟ್ಟುವರು. ಚಾಪೆಯ ಮೇಲಿನ ಮಗು ನೆಲ ಅದುರಿದ್ದಕ್ಕೆ ತಿರುಗಿ ನಗುವುದು. ಎಂಥ ಉಪಾಯ ಎಂದು ಬೆರಗಾಗಿದ್ದೆ.

ಮಗಳು ಶಾಲೆಗೆ ಹೋಗುವ ವಯಸ್ಸಿಗೆ ಹೊನ್ನಾವರದ ಡಾಕ್ಟರು ಮಂಗಳೂರಿಗೆ ಕಳಿಸಿದರು. ರೈಲಿನಲ್ಲಿ ಅತ್ತೆಯೂ ಜೊತೆಗೆ ಬಂದರು. ಅಲ್ಲಿನ ಡಾಕ್ಟರಮ್ಮ, “ಮನೆತನದಲ್ಲಿ ಹುಟ್ಟಿನಿಂದ ಕಿವಿ ಕೇಳದವರು ಯಾರಾದರೂ ಇದ್ದರೇ?” ಎಂದು ಕೇಳಿದರು.

“ನಮ್ಮಲ್ಲಿ ಹಾಂಗಿದ್ದವ್ರು ಯಾರೂ ಇಲ್ಲ. ಇವ್ಳು ಗ್ರಹಣದಾಗೆ ಮೀನು ಕೊಯ್ದಿದ್ಲು,” ಎಂದರು ಅತ್ತೆ.

ನನ್ನ, ಗಂಡನ, ಮಗಳ ರಕ್ತ ಪರೀಕ್ಷೆಗೆಂದು ದೂರದ ಊರಿಗೆ ಹೋಯಿತು. ತಿಂಗಳುಗಟ್ಟಲೆ ಕಾದೆವು. ಮತ್ತೆ ಹೋದಾಗ ಡಾಕ್ಟರಮ್ಮ ಬಿಡಿಸಿ ಹೇಳಿದರು. ಕಿವಿ ಕೇಳಿಸಲು ಬೇಕಾದ ಒಂದು ಜೀನು ಅಪ್ಪನಿಂದ ಒಂದು, ಅಮ್ಮನಿಂದ ಒಂದು ಎಂದು ಜೋಡಿಯಾಗಿ ಬರುತ್ತದಂತೆ. ನನ್ನಲ್ಲೂ ಗಂಡನಲ್ಲೂ ಜೋಡಿಯಲ್ಲಿ ಒಂದು ಕೆಟ್ಟಿದೆ. ಇನ್ನೊಂದು ಸರಿಯಿದ್ದುದರಿಂದ ನಮಗೆ ಕೇಳಿಸುತ್ತದೆ. ಮಗಳಿಗೆ ಕೆಟ್ಟಿದ್ದೇ ಎರಡೂ ಬಂದಿದೆ. “ನೀವಿಬ್ಬರೂ ಒಂದೇ ಮನೆತನದವರು. ಅಲ್ಲಿಂದಲೇ ಬಂದಿರಬೇಕು. ಮೀನಿನದೇನೂ ಇಲ್ಲಮ್ಮ.”

ಇದನ್ನು ಹೇಳಲು ತವರಿಗೆ ಓಡಿದೆ. ಅಪ್ಪ, “ನಂಗೊಬ್ಳು ತಂಗಿ ಇದ್ಲು,” ಎಂದರು. “ಕಿವಿ ಕೇಳ್ತಿರ್ಲಿಲ್ಲ. ಸಣ್ಣಕ್ಕಿರುವಾಗ್ಲೇ ಜ್ವರ ಬಂದು ತೀರಿಹೋತು. ನಿನ್ನತ್ತೆ ಒನಕೆ ಕುಟ್ಟಿ ಕರೀತಿದ್ಲು ಅದ್ನ...”

ಅಪ್ಪನಿಗೂ ಗೊತ್ತಿತ್ತು.

ಮಂಕಿಗೆ ಮರಳಿದಾಗ ಅತ್ತೆ ಅಕ್ಕಿ ಕೇರುತ್ತಿದ್ದರು. ಆ ತಂಗಿಯ ಬಗ್ಗೆ ಕೇಳಿದೆ. ಕೈ ನಿಲ್ಲಲಿಲ್ಲ.

“ಆ ಮಾತು ಎತ್ತಿದ್ರೆ ನಮ್ಮನಿ ಮಕ್ಳಿಗೆ ಯಾರು ಹೆಣ್ಣು ಕೊಡ್ತಿದ್ರು, ಕೂಸೇ?”

“ಮತ್ತೆ ಗ್ರಹಣದ್ದು?”

“ಊರವ್ರ ಬಾಯಿಗೆ ಎಂತಾದ್ರೂ ಹಾಕ್ಬೇಕಿತ್ತಲೇ.”

“ಅದಕ್ಕೆ ನನ್ನೇ ಹಾಕಿದ್ರಾ, ಅತ್ತೆ?”

ಮೊರ ನಿಂತಿತು.

ಅವರು ಹಾಸಿಗೆ ಹಿಡಿದಾಗ ಕೊನೆಯವರೆಗೂ ಗಂಜಿ ಕುಡಿಸಿದ್ದು ನಾನೇ. ಮಾತು ಮಾತ್ರ ಮೊದಲಿನಂತೆ ಬರಲಿಲ್ಲ. ಅವರು ಹೋದ ದಿನ, ಅಳು ಬಂದದ್ದು ಯಾವ ಅತ್ತೆಗಾಗಿ ಎಂದು ನನಗೇ ತಿಳಿಯಲಿಲ್ಲ...

ಇಂದು ರಾತ್ರಿ ಒನಕೆ ಎತ್ತಿ ಎರಡು ಸಲ ಕುಟ್ಟಿದೆ. ಹೊಲಿಗೆ ಮೆಷಿನ್ ಬಿಟ್ಟು ಮಗಳು ಎದ್ದು ಬಂದಳು. ಕುಚಲಕ್ಕಿ ಅನ್ನ, ಬಂಗಡೆ ಸಾರು. ಮುಳ್ಳು ಬಿಡಿಸಿ ಮೊದಲ ತುಂಡು ನನ್ನ ತಟ್ಟೆಗೆ ಹಾಕಿದಳು. ತಿಂದೆ. ಅವಳೇ ಮೊದಲು ನಿದ್ದೆ ಹೋದಳು. ಕಿವಿ ಸವರಿದೆ, ತಪ್ಪಾಯಿತು ಎನ್ನಲಿಲ್ಲ.