ಅರ್ಧ ಲಡಿ ಮತ್ತು ಮೂರನೇ ಒಂದು ಲಡಿ

ಎರಡು ಸಾವಿರದ ದಶಕದ ಆರಂಭದಲ್ಲಿ, ನಾನು ಗಜೇಂದ್ರಗಡದಲ್ಲಿ ಆರನೆಯ ತರಗತಿಯಲ್ಲಿ ವ್ಯಾಸಂಗ ಮಾಡುತ್ತಿದ್ದಾಗ, ನನ್ನಿಂದ ಸಂಭವಿಸಿದ ಒಂದು ಲೆಕ್ಕದ ತಪ್ಪನ್ನು ಇಲ್ಲಿ ಸವಿನಯವಾಗಿ ದಾಖಲಿಸುತ್ತಿದ್ದೇನೆ. ವಿವರಗಳಲ್ಲಿ ಲೋಪವಿದ್ದಲ್ಲಿ ಅದಕ್ಕೆ ನಾನೇ ಹೊಣೆ.

ಅಕ್ಕನ ಕುಬಸಕ್ಕೆ, ಅಂದರೆ ಏಳನೆಯ ತಿಂಗಳಲ್ಲಿ ಬಸುರಿಗೆ ಹಸಿರು ಸೀರೆ ಉಡಿಸುವ ಶಾಸ್ತ್ರಕ್ಕೆ, ಅವ್ವ ಮನೆಯ ಮಗ್ಗದಲ್ಲಿಯೇ ಸೀರೆ ನೇಯುತ್ತಿದ್ದಳು. ನಮ್ಮಲ್ಲಿ ಒಡಲಿನ ಹಾಸು, ಅಂದರೆ ಮಗ್ಗದ ಉದ್ದೆಳೆಗಳು, ಬೇರೆ, ಸೆರಗಿನ ಹಾಸು ಬೇರೆ. ಎರಡರ ಎಳೆಗಳನ್ನೂ ಒಂದೊಂದಾಗಿ ಕೊಂಡಿ ಹಾಕಿ ಜೋಡಿಸುವುದು ಪದ್ಧತಿ. ಲಡಿ ಎಂದರೆ ನೂಲಿನ ಒಂದು ಕಟ್ಟು. ಸೆರಗಿಗೆ ಮುಕ್ಕಾಲು ಲಡಿ ಕೆಂಪು ರೇಷ್ಮೆ ಅಗತ್ಯವಿತ್ತು. ಮನೆಯಲ್ಲಿದ್ದುದು ಅರ್ಧ ಲಡಿ. ನೂಲು ಸುತ್ತುವ ನೆರೆಮನೆಯ ಚಾಚಿಯ ಬಳಿ ಅದೇ ಬಣ್ಣದ ಲಡಿಯ ಮೂರನೇ ಒಂದು ಪಾಲು ಉಳಿದಿತ್ತು.

“ಸಾಲೂದಿದ್ರ ಒಯ್ರಿ. ಸಾಲಲಿಲ್ಲಂದ್ರ ಮುಟ್ಟಬ್ಯಾಡ್ರಿ, ಬ್ಯಾರೇದವರು ಕೇಳ್ಯಾರ,” ಎಂದು ಆಕೆ ತಿಳಿಸಿದ್ದಳು.

ಎರಡೂ ಕೂಡಿದರೆ ಸಾಲುವುದೋ ಇಲ್ಲವೋ ಎಂಬ ಲೆಕ್ಕ ನನ್ನ ಪಾಲಿಗೆ ಬಂತು. ಮೇಲಿನ ಒಂದಕ್ಕೆ ಒಂದು ಕೂಡಿಸಿ ಎರಡು, ಕೆಳಗಿನ ಎರಡಕ್ಕೆ ಮೂರು ಕೂಡಿಸಿ ಐದು ಎಂದು ಬರೆದು, ಐದರಲ್ಲಿ ಎರಡು ಪಾಲು ಮಾತ್ರ ಆಗುವುದೆಂದು ವರದಿ ಒಪ್ಪಿಸಿದೆ.

“ಅರ್ಧಾಕ್ಕ ಮತ್ತಷ್ಟು ಹಾಕಿದ್ರ ಅರ್ಧಾಕ್ಕಿಂತ ಕಡಿಮಿ ಹ್ಯಾಂಗ ಆತು?” ಎಂದು ಅವ್ವ ಕೇಳಿದಳು.

“ಸಾಲಿ ಲೆಕ್ಕ ಹಿಂಗ ಇರತಾವಬೇ.”

ಶಾಲೆಯ ಹೊಸ್ತಿಲು ತುಳಿಯದ ಅವ್ವ ನನ್ನ ಲೆಕ್ಕವನ್ನೇ ನಂಬಿದಳು. ಚಾಚಿಯ ರೇಷ್ಮೆ ಬೇಡವೆಂದು ಹೇಳಿಕಳಿಸಿ, ಸೆರಗಿನ ಅಂಚಿಗೆ ಚಮಕಾ ಎಂಬ ಕೃತಕ ರೇಷ್ಮೆಯ ಎಳೆಗಳನ್ನು ಜೋಡಿಸಲು ಕುಳಿತಳು.

ಅಂದು ಮಧ್ಯಾಹ್ನವೇ ಗುರುಗಳು, ಛೇದಗಳು ಬೇರೆಯಾಗಿದ್ದರೆ ನೇರವಾಗಿ ಕೂಡಿಸತಕ್ಕದ್ದಲ್ಲ, ಮೊದಲು ಎರಡನ್ನೂ ಒಂದೇ ಅಳತೆಗೆ ತರತಕ್ಕದ್ದು ಎಂದು ಬೋಧಿಸಿದರು. ನೋಟುಬುಕ್ಕಿನ ಅಂಚಿನಲ್ಲಿ ನಮ್ಮ ಲಡಿಗಳನ್ನು ಬರೆದೆ. ಆರರಲ್ಲಿ ಮೂರು, ಆರರಲ್ಲಿ ಎರಡು. ಕೂಡಿದರೆ ಆರರಲ್ಲಿ ಐದು. ಅದು ಹನ್ನೆರಡರಲ್ಲಿ ಹತ್ತು, ಮುಕ್ಕಾಲೆಂದರೆ ಒಂಬತ್ತು. ಸಾಲುತ್ತಿತ್ತು, ಒಂದು ಪಾಲು ಉಳಿಯುತ್ತಿತ್ತು. ನಾಲ್ಕು ಸಲ ಮಾಡಿ ನೋಡಿದರೂ ನಂಬಿಕೆ ಬರಲಿಲ್ಲ. ಬೆಳಿಗ್ಗೆಯೂ ನನಗೆ ಸಂಶಯವಿರಲಿಲ್ಲವಷ್ಟೆ. ಗಂಟೆಯಾಗುವವರೆಗೆ ಬೆಂಚಿನ ಕೆಳಗೆ ಕಾಲು ನಿಲ್ಲಲಿಲ್ಲ.

ನೇರವಾಗಿ ಚಾಚಿಯ ಮನೆಗೆ ಓಡಿದೆ. ಬೇರೆಯವರಿಗೆ ಕೊಡಲೆಂದು ಕೆಂಪು ರೇಷ್ಮೆ ಆಗಲೇ ರಾಟೆಯ ಮೇಲಿತ್ತು.

“ಚಾಚಿ, ಸಾಲತೈತ್ರಿ. ನಂದು ತಪ್ಪಾಗೇತಿ.”

“ಮುಂಜಾನಿಗೊಂದು ಲೆಕ್ಕ, ಸಂಜಿಗೊಂದು. ನಾಳಿಗೆ ಮತ್ತೇನ್ ತರತೀಯವಾ ಮಾಸ್ತರಬಾಯಿ?” ಎಂದು ರಾಟೆ ನಿಲ್ಲಿಸಿದಳು. “ಒಯ್ಯಿ. ಸಾಲಲಿಲ್ಲಂದ್ರ ಕೇಳಿದವರ ಮನಿಗೆ ಹೋಗಿ ನೀನ ಹೇಳಬೇಕು ನೋಡು.”

ಮನೆಯಲ್ಲಿ ಅವ್ವ ಗೇಣಗಲ ಚಮಕಾ ಜೋಡಿಸಿಯಾಗಿತ್ತು. ನಾನು ಆರು ಪಾಲು, ಹನ್ನೆರಡು ಪಾಲು ಎಂದು ವಿವರಿಸಿದೆ.

“ಈಗ ಖರೇನ ಹೇಳಾಕತ್ತಿ?”

“ಖರೇ.”

“ಬಿಚ್ಚು ಹಂಗಾರ.”

ಇಡೀ ದಿನದ ಅವಳ ದುಡಿಮೆಯನ್ನು ನಾನೇ ಎಳೆ ಎಳೆಯಾಗಿ ಬಿಚ್ಚಿದೆ. ಮರುದಿನ ಅವಳು ರೇಷ್ಮೆ ಜೋಡಿಸುವಾಗ ಊಟಕ್ಕೆ ಕರೆದರೂ ಏಳದೆ, ಕರಗುತ್ತಿದ್ದ ನೂಲನ್ನೇ ನೋಡುತ್ತ ಕುಳಿತಿದ್ದೆ. ಕೊನೆಯ ಕೊಂಡಿ ಬಿದ್ದಾಗ ಇನ್ನೂ ಸ್ವಲ್ಪ ಕೆಂಪು ಉಳಿದಿತ್ತು. ಅದು ಸರಿಯಾಗಿ ಹನ್ನೆರಡರಲ್ಲಿ ಒಂದು ಪಾಲೇ ಎಂದು ಅಳೆಯುವ ಧೈರ್ಯ ನನಗಾಗಲಿಲ್ಲ.

ಅವ್ವ ಅದನ್ನು ಬೆರಳಿಗೆ ಸುತ್ತಿ ನನ್ನ ಕೈಗಿಟ್ಟಳು.

“ಲಗೂ ಹೋಗಿ ಚಾಚಿಗೆ ಕೊಟ್ಟು ಬಾ.”